ಮದುಮಗನೂ ಅವರೇ, ಮದುಮಗಳೂ ಅವರೇ

ನನ್ನನ್ನು ಸೋದರಮಾವನಿಗೇ ಕೊಟ್ಟು ಮದುವೆ ಮಾಡಿದರು. ಹಾಗಾಗಿ ದೊಡ್ಡಬಳ್ಳಾಪುರದಲ್ಲಿ ನಾನು ಹುಟ್ಟಿದ ಬೀದಿಯಿಂದ ಎರಡೇ ಎರಡು ಬೀದಿ ಆಚೆಗೆ ಹೋಗಿ ಸೊಸೆಯಾದೆ. ಅಮ್ಮನ ಅಮ್ಮನೇ ನನಗೆ ಅತ್ತೆ. ಗಂಡನನ್ನು ಮದುವೆಯಾದ ಮೇಲೂ 'ಮಾವ' ಅಂತಲೇ ಕೂಗುತ್ತಿದ್ದೆ.

"ಗಂಡನ್ನ ಹಂಗೆಲ್ಲ ಕರೀಬಾರ್ದು ಕಣೇ, 'ಏನೂಂದ್ರೆ' ಅನ್ಬೇಕು" ಎಂದು ಅಜ್ಜಿ ತಿದ್ದುವಳು.

"ಏನೂಂದ್ರೆ ಅಂದ್ರೆ ಮಾವ ತಿರುಗೇ ನೋಡಲ್ಲ ಅಜ್ಜಿ. ಯಾರನ್ನೋ ಕರೀತಾವ್ಳೆ ಅಂದ್ಕೋತಾರೆ" ಎನ್ನುತ್ತಿದ್ದೆ ನಾನು. ಅದು ನಿಜವೇ ಆಗಿತ್ತು.

ಮದುವೆಗೆ ಮುಂಚೆ ಮಾವ ಏಳು ವರ್ಷ ಮದರಾಸಿನ ಸ್ಟುಡಿಯೋಗಳಲ್ಲಿದ್ದರು. ಅಲ್ಲಿ ಏನು ಕೆಲಸ ಎಂದು ನಮ್ಮ ಬೀದಿಯ ನೇಕಾರರು ಕೇಳಿದರೆ ದಿನಕ್ಕೊಂದು ಉತ್ತರ ಕೊಡುವರು. ಒಂದು ದಿನ ಬಡಗಿ, ಮಾರನೆಯ ದಿನ ಬಣ್ಣ ಹಚ್ಚುವವ, ಇನ್ನೊಂದು ದಿನ 'ನಾನು ಗುಡುಗು' ಎಂದುಬಿಟ್ಟರು. ಜನ ಇದೆಲ್ಲ ಬುರುಡೆ ಎಂದುಕೊಂಡರು. ಒಂದೂ ಬುರುಡೆಯಲ್ಲ. ಸೆಟ್ಟಿನ ಹಲಗೆ ಹೊಡೆಯುವುದಕ್ಕೆ ಹೋದವರು ಅರಮನೆಯ ಕಂಬಗಳಿಗೆ ಬಣ್ಣ ಬಳಿದರು; ಬಣ್ಣದ ಕೈ ಚೆನ್ನಾಗಿದೆ ಎಂದು ರಾಕ್ಷಸರ ಮುಖಕ್ಕೆ ಬಣ್ಣ ಹಚ್ಚುವ ಕೆಲಸಕ್ಕೆ ಹಾಕಿದರು; ಒಬ್ಬ ರಾಕ್ಷಸ ಜ್ವರ ಬಂದು ಮಲಗಿದಾಗ ತಾವೇ ಹಚ್ಚಿಕೊಂಡು ನಿಂತರು. ತಗಡಿನ ಹಾಳೆ ಅಲ್ಲಾಡಿಸಿ ಗುಡುಗು ತರಿಸಿದ್ದರು, ನಾಯಿಗಳಿಗೆ ದನಿ ಕೊಟ್ಟಿದ್ದರು, ನಾಯಕಿ ಬಾವಿಗೆ ಬೀಳುವ ಕಡೆ ಅವಳ ಸೀರೆ ಉಟ್ಟು ತಾವು ಬಿದ್ದಿದ್ದರು. ಹಾಡು ಬರೆಯುವವರು ಊರಿಗೆ ಹೋಗಿದ್ದಾಗ ಒಂದು ಲಾಲಿ ಹಾಡಿಗೆ ಎರಡು ಸಾಲು ಬರೆದು ಸೇರಿಸಿದ್ದರಂತೆ. ಪರದೆಯ ಮೇಲೆ ಮಾತ್ರ ಅವರ ಹೆಸರು ಎಂದೂ ಬಂದಿರಲಿಲ್ಲ.

ಯುದ್ಧ ಮುಗಿದ ಮರುವರ್ಷ ನಮ್ಮ ಮದುವೆ. ಮದರಾಸಿನಿಂದ ಮಾವ ಎರಡು ಟ್ರಂಕು ತಂದರು. ಒಂದರಲ್ಲಿ ಅವರ ಬಟ್ಟೆ ಇರುತ್ತದೆಂದು ಅಜ್ಜಿ ಒಗೆಯುವುದಕ್ಕೆ ತೆಗೆದರೆ ಒಳಗೆ ಬರೀ ತಗಡಿನ ಡಬ್ಬಿಗಳು. ಸ್ಟುಡಿಯೋದಲ್ಲಿ ದೊಡ್ಡ ದೊಡ್ಡ ಸುರುಳಿಗಳ ಕೊನೆಗೆ ಚಿತ್ರ ತೆಗೆಯದೆ ಉಳಿದುಬಿಡುವ ತುಂಡು ಫಿಲ್ಮುಗಳನ್ನು ಏಳು ವರ್ಷ ಕೂಡಿಟ್ಟಿದ್ದರು. ಇನ್ನೊಂದು ಟ್ರಂಕಿನಲ್ಲಿ ಹಳೇ ಬಟ್ಟೆ ಸುತ್ತಿದ ಒಂದು ಮರದ ಪೆಟ್ಟಿಗೆ. ಅದರ ಪಕ್ಕಕ್ಕೆ ಒಂದು ಕೈಹಿಡಿ. ಮೂಕಿ ಸಿನಿಮಾ ಕಾಲದ ಕ್ಯಾಮೆರಾ ಅದು. ಅಲ್ಲಿನ ಹಿರಿಯ ಛಾಯಾಗ್ರಾಹಕರೊಬ್ಬರು, ಇನ್ನು ಇದನ್ನು ಯಾರೂ ಮುಟ್ಟುವುದಿಲ್ಲ ಎಂದು ಮದುವೆಯ ಉಡುಗೊರೆಯಾಗಿ ಕೊಟ್ಟಿದ್ದರು.

"ಇದು ನಂಗೆ ಕೊಟ್ಟಿದ್ದಲ್ಲ, ನಮ್ಮಿಬ್ಬರಿಗೂ" ಎಂದರು ಮಾವ.

ಆ ಮಾತಿನ ಅರ್ಥ ಎಂಟು ದಿನದ ಮೇಲೆ ಗೊತ್ತಾಯಿತು. ನಾನು ಹಜಾರದಲ್ಲಿ ಕೂತು ರಾಟೆ ತಿರುಗಿಸಿ ಕಂಡಿಕೆಗೆ ರೇಷ್ಮೆ ಸುತ್ತುತ್ತಿದ್ದೆ. ಲಾಳಿಯೊಳಗೆ ಕೂರುವ ಆ ಪುಟ್ಟ ಕೊಳವೆಗೆ ನೂಲು ಸುತ್ತುವುದು ನನಗೆ ಆರನೇ ವಯಸ್ಸಿನಿಂದ ಬಂದ ಕೆಲಸ. ಕೈ ಒಂದೇ ಸಮ ತಿರುಗಬೇಕು. ಜೋರಾದರೆ ಎಳೆ ಹರಿಯುತ್ತದೆ, ನಿಧಾನವಾದರೆ ಸಡಿಲ ಬೀಳುತ್ತದೆ. ಮಾವ ಎದುರಿಗೆ ಬಂದು ಕೂತು ಗಡಿಯಾರ ನೋಡುತ್ತ ನನ್ನ ಕೈಯನ್ನೇ ನೋಡತೊಡಗಿದರು. ಹೊಸ ಗಂಡ, ಹಗಲು ಹೊತ್ತು, ಅಜ್ಜಿ ಅಲ್ಲೇ ಇದ್ದಾಳೆ. ನಾಚಿಕೆಯಲ್ಲಿ ಸತ್ತೇಹೋದೆ.

"ಅಮ್ಮಾ, ಇವಳ ಕೈ ನೋಡಮ್ಮಾ! ಸೆಕೆಂಡಿಗೆ ಎರಡು ಸುತ್ತು, ಕೂದಲೆಳೆ ಆಚೀಚೆ ಇಲ್ಲ!" ಎಂದು ಕೂಗಿ, ನನ್ನನ್ನು ಎಬ್ಬಿಸಿಕೊಂಡು ಹೋಗಿ ಕ್ಯಾಮೆರಾದ ಹಿಡಿಯ ಮೇಲೆ ನನ್ನ ಕೈ ಇಟ್ಟರು. ಫಿಲ್ಮಿಗೂ ಅದೇ ವೇಗ ಬೇಕಂತೆ. ಅವರು ಕ್ಯಾಮೆರಾದ ಮುಂದೆ ನಿಂತರೆ ಹಿಂದೆ ತಿರುಗಿಸುವವರು ಒಬ್ಬರು ಬೇಕೇ ಬೇಕಿತ್ತು.

"ನನ್ನ ನೋಡ್ತಿದ್ರಾ, ಇಲ್ಲಾ ಕೈ ನೋಡ್ತಿದ್ರಾ?" ಎಂದೆ.

"ಕೈ" ಎಂದರು ಮಾವ. ಆಮೇಲೆ ನನ್ನ ಮುಖ ನೋಡಿ ಗಾಬರಿಯಾಗಿ, "ಮೊದಲು ನಿನ್ನೇ ನೋಡ್ದೆ ಕಣೇ, ಆಮೇಲೆ ಕೈ" ಎಂದು ತಿದ್ದಿದರು.

ಎಲ್ಲರೂ ಟಾಕಿ ನೋಡುತ್ತಿದ್ದ ಕಾಲದಲ್ಲಿ ನಾವು ಮೂಕಿ ತೆಗೆಯಲು ಹೊರಟೆವು. ದನಿ ಹಿಡಿಯುವ ಯಂತ್ರ ನಮ್ಮಲ್ಲಿರಲಿಲ್ಲ. "ಪರದೆ ಹಿಂದೆ ನಿಂತು ಮಾತು ನಾವೇ ಆಡಿದರಾಯ್ತು" ಎಂದರು ಮಾವ. ಕಥೆಯೂ ಅವರದೇ. ಒಂದು ದಿಬ್ಬಣ ಇದ್ದಿಲ ಬಸ್ಸಿನಲ್ಲಿ ಹುಡುಗಿಯ ಊರಿಗೆ ಹೊರಡುತ್ತದೆ. ಪೆಟ್ರೋಲು ಸಿಗದೆ ಆಗಿನ ಬಸ್ಸುಗಳೆಲ್ಲ ಬೆನ್ನಿಗೆ ಒಂದು ದೊಡ್ಡ ಪೀಪಾಯಿ ಕಟ್ಟಿಕೊಂಡು, ಅದರಲ್ಲಿ ಇದ್ದಿಲು ಉರಿಸಿ, ಆ ಗ್ಯಾಸಿನಲ್ಲಿ ಓಡುತ್ತಿದ್ದವು. ಓಡುತ್ತಿದ್ದವು ಎನ್ನುವುದು ಮರ್ಯಾದೆಯ ಮಾತು. ದಿಣ್ಣೆ ಬಂದರೆ ಎಲ್ಲರೂ ಇಳಿದು ತಳ್ಳಬೇಕು. ಕಥೆಯಲ್ಲಿ ದಿಬ್ಬಣದವರು ಹುಡುಗಿಯ ಊರಿನ ತನಕ ಬಸ್ಸನ್ನು ತಳ್ಳುತ್ತಾರೆ. ಮುಹೂರ್ತ ಮೀರುತ್ತದೆಂದು ಕೊನೆಗೆ ಹುಡುಗಿಯೇ ಎದುರು ಬಂದು ತಾನೂ ತಳ್ಳುತ್ತಾಳೆ. ಅಷ್ಟೇ.

ಪಕ್ಕದ ಮಧುರೆ ಕಡೆಗೆ ಬಸ್ಸು ಓಡಿಸುತ್ತಿದ್ದ ಸಾಹೇಬರೊಬ್ಬರು ನಮ್ಮೂರಲ್ಲಿದ್ದರು. ಬಸ್ಸು ಅವರದೇ, ಡ್ರೈವರೂ ಅವರೇ. ಬಿಳಿ ಗಡ್ಡ, ಕೆಂಪು ಟೋಪಿ, ಗಂಭೀರ ಮುಖ. ಮಾವ ಕಥೆ ಹೇಳಿದಾಗ ಅವರ ಹುಬ್ಬು ಗಂಟಾಯಿತು.

"ಏನಪ್ಪಾ, ನನ್ನ ಗಾಡಿ ಕೆಟ್ಟು ನಿಲ್ಲೋದನ್ನ ಊರೆಲ್ಲ ತೋರಿಸ್ತೀಯಾ?"

"ಸಾಹೇಬ್ರೇ, ಕಥೆಗೆ ನಿಮ್ಮ ಗಾಡೀನೇ ಹೀರೋ. ಕಷ್ಟ ಬರದೆ ಯಾವ ಹೀರೋ ಇದ್ದಾನೆ ಹೇಳಿ?"

ಸಾಹೇಬರು ಗಡ್ಡ ನೀವಿಕೊಂಡು ಯೋಚಿಸಿದರು. "ಡ್ರೈವರ್ ಪಾರ್ಟು?"

"ನಿಮ್ಮದೇ."

"ಹಂಗಾದ್ರೆ ಒಂದ್ ಸಲ ಕೆಡಬಹುದು" ಎಂದರು.

ದಿಬ್ಬಣಕ್ಕೆ ನಮ್ಮ ಬೀದಿಯ ಗಂಡಸರೆಲ್ಲ ಬಂದರು. ಹೆಣ್ಣಿನ ಪಾತ್ರಕ್ಕೆ ಮಾತ್ರ ಯಾರೂ ಒಪ್ಪಲಿಲ್ಲ. ನಾನು ಕ್ಯಾಮೆರಾ ಬಿಟ್ಟು ಬರುವಂತಿರಲಿಲ್ಲ. ಮದುಮಗನ ಪಾತ್ರ ಹೇಗೂ ಮಾವ ತಮಗೇ ಇಟ್ಟುಕೊಂಡಿದ್ದರು. ಒಂದು ಬೆಳಿಗ್ಗೆ ಕನ್ನಡಿ ಮುಂದೆ ಮೀಸೆಯನ್ನು ಬೆರಳಿನಿಂದ ಮುಚ್ಚಿ, ಆ ಕಡೆ ಈ ಕಡೆ ತಿರುಗಿ ನೋಡಿಕೊಂಡು, "ಹೆಣ್ಣೂ ನಾನೇ" ಎಂದರು. ಮೀಸೆ ಹೋಯಿತು, ಮದುಮಗನಿಗೆ ಅಂಟಿಸುವ ಮೀಸೆ ಬಂತು. ನನ್ನ ಧಾರೆ ಸೀರೆಯನ್ನು ನಾನೇ ಅವರಿಗೆ ಉಡಿಸಿ, ಮೂಗುತಿ ಅಂಟಿಸಿ, ಹೂ ಮುಡಿಸಿದೆ. ಅಜ್ಜಿ ಒಳಗಿಂದ ಬಂದು ಮಗನನ್ನು ನೋಡಿ ಮೂಗಿನ ಮೇಲೆ ಬೆರಳಿಟ್ಟಳು. ಬೈಯುತ್ತಾಳೆಂದೇ ನಾವಿಬ್ಬರೂ ಅಂದುಕೊಂಡೆವು.

"ಅಯ್ಯೋ ಶಿವನೇ, ಇವನೇ ಹೆಣ್ಣಾಗಿ ಹುಟ್ಟಿದ್ರೆ ಎಷ್ಟು ಲಕ್ಷಣವಾಗಿರ್ತಿದ್ದ!" ಎಂದಳು. ಅಲ್ಲಿಂದಾಚೆಗೆ ಅವಳೂ ನಮ್ಮ ಕಂಪನಿ ಸೇರಿದಳು.

ದೊಡ್ಡಬೆಳವಂಗಲದ ದಾರಿಯಲ್ಲಿ ಒಂದು ಒಳ್ಳೆಯ ಏರು ಇತ್ತು. ಆ ಏರಿನಲ್ಲಿ ಸಾಹೇಬರ ಬಸ್ಸು ನಿಲ್ಲದ ದಿನವೇ ಇರಲಿಲ್ಲ. ಕ್ಯಾಮೆರಾ ನಿಲ್ಲಿಸಿಕೊಂಡು, ತಲೆಯ ಮೇಲೆ ಕಪ್ಪು ಬಟ್ಟೆ ಹೊದ್ದು ನಾನು ತಿರುಗಿಸತೊಡಗಿದೆ. ಹಿಡಿ ತಿರುಗಿದಂತೆ ಒಳಗೆ ಕಟಕಟ ಎಂದು ಫಿಲ್ಮು ಓಡುವುದು ಅಂಗೈಗೆ ತಿಳಿಯುತ್ತಿತ್ತು. ನಾನೊಬ್ಬಳೇ ಪ್ರಪಂಚವನ್ನೆಲ್ಲ ಕಂಡಿಕೆಗೆ ಸುತ್ತಿಕೊಳ್ಳುತ್ತಿದ್ದೇನೆ ಅನ್ನಿಸಿ ನಗು ತಡೆಯಲಾಗಲಿಲ್ಲ.

ಬಸ್ಸು ಬಂತು. ಬುಸ್ ಎಂದು ಹೊಗೆ ಬಿಟ್ಟಿತು. ಆಮೇಲೆ, ಯಾವ ದೇವರು ಮೈಮೇಲೆ ಬಂತೋ, ಸರ್ರನೆ ಏರು ಹತ್ತಿ ಆಚೆಗೆ ಇಳಿದು ಹೋಗಿಬಿಟ್ಟಿತು. ತಳ್ಳಬೇಕಾದ ದಿಬ್ಬಣದವರು ರಸ್ತೆಯಲ್ಲಿ ಕೈ ಚಾಚಿಕೊಂಡು ನಿಂತಿದ್ದರು.

ಸಾಹೇಬರು ಬಸ್ಸು ತಿರುಗಿಸಿಕೊಂಡು ಬಂದರು. ಕಣ್ಣಲ್ಲಿ ನೀರು. "ನೋಡಿದ್ಯೇನಪ್ಪಾ! ಎರಡು ವರ್ಷದಲ್ಲಿ ಮೊದಲನೇ ಸಲ!"

"ಸಾಹೇಬ್ರೇ, ನಿಲ್ಲಬೇಕಿತ್ತು!"

"ಹತ್ತೋ ಗಾಡೀನ ನಿಲ್ಲಿಸು ಅಂತ ಹೆಂಗಪ್ಪಾ ಹೇಳಲಿ? ಪಾಪ, ಕ್ಯಾಮೆರಾ ನೋಡಿ ಖುಷಿಯಾಗಿದೆ ಅದಕ್ಕೆ."

ಎರಡನೆಯ ಸಲವೂ ಹತ್ತಿತು. ಮೂರನೆಯ ಸಲ ಬ್ರೇಕು ಹಾಕಿಸಿ ಸುಳ್ಳು ಸುಳ್ಳೇ ನಿಲ್ಲಿಸಿ ತಳ್ಳಿಸಿದೆವು. ಎಲ್ಲ ಮುಗಿದ ಮೇಲೆ, ಸಾಹೇಬರು ಹೀರೋ ತರಹ ಏರು ಹತ್ತಿ ಹೋಗುವ ಕೊನೆಯ ದೃಶ್ಯಕ್ಕೆ ಹೊರಟರೆ ಬಸ್ಸು ನಿಜವಾಗಿ ನಿಂತುಬಿಟ್ಟಿತು. ಸೀರೆ ಉಟ್ಟ ಮಾವ ಸೆರಗು ಸೊಂಟಕ್ಕೆ ಸಿಕ್ಕಿಸಿ ಹಿಂದೆ ಕಾಣದ ಹಾಗೆ ಬಗ್ಗಿ ತಳ್ಳಿದರು. ಆ ದೃಶ್ಯದಲ್ಲಿ ಬಸ್ಸಿನ ಹಿಂದೆ ಸೀರೆಯ ಒಂದು ಚುಂಗು ಕಾಣುತ್ತಿತ್ತು. ಯಾರೂ ಗಮನಿಸಲಿಲ್ಲ ಎಂದು ನಾನು ನಂಬಿದ್ದೇನೆ.

ಕಷ್ಟದ್ದು ಗಂಡು ಹೆಣ್ಣು ಎದುರುಬದುರು ನಿಂತು ಮಾತಾಡುವ ದೃಶ್ಯ. ಇಬ್ಬರೂ ಮಾವನೇ ಆದ್ದರಿಂದ ಒಂದೇ ಫಿಲ್ಮನ್ನು ಎರಡು ಸಲ ಓಡಿಸಬೇಕು. ಕ್ಯಾಮೆರಾದ ಕಣ್ಣಿನ ಅರ್ಧಕ್ಕೆ ಕಪ್ಪು ರಟ್ಟು ಮುಚ್ಚಿ ಮೊದಲು ಬಲಗಡೆ ಮದುಮಗನನ್ನು ತೆಗೆಯುವುದು. ಆಮೇಲೆ ಕಣ್ಣು ಪೂರ್ತಿ ಮುಚ್ಚಿ, ಎಷ್ಟು ಸುತ್ತು ಮುಂದೆ ಹೋಗಿದೆಯೋ ಅಷ್ಟೇ ಸುತ್ತು ಹಿಂದಕ್ಕೆ ತಿರುಗಿಸುವುದು. ಆಮೇಲೆ ರಟ್ಟನ್ನು ಬಲಕ್ಕೆ ಸರಿಸಿ, ಎಡಗಡೆ ಹೆಣ್ಣನ್ನು ತೆಗೆಯುವುದು. ಲೆಕ್ಕ ತಪ್ಪಿದರೆ ಗಂಡಿನ ಮಾತಿಗೂ ಹೆಣ್ಣಿನ ಉತ್ತರಕ್ಕೂ ಹೊಂದುವುದಿಲ್ಲ.

"ನೂರ ಐವತ್ತು" ಎಂದು ಮುಂದಿನ ಲೆಕ್ಕ ಹೇಳಿದೆ. ಮಾವ ಸೀರೆ ಉಡಲು ಓಡಿದರು. ನಾನು ಹಿಂದಕ್ಕೆ ತಿರುಗಿಸುತ್ತಿದ್ದೆ. ಅರವತ್ತು, ಎಪ್ಪತ್ತು, ಎಂಬತ್ತು. ಕಪ್ಪು ಬಟ್ಟೆಯ ಹೊರಗೆ ಒಂದು ದನಿ.

"ಅಮ್ಮಾ, ಒಂದು ಮಾತು. ಇದರಲ್ಲಿ ನನ್ನ ಗಡ್ಡ ಸರಿಯಾಗಿ ಬೀಳ್ತದಾ?"

"ಬೀಳ್ತದೆ ಸಾಹೇಬ್ರೇ" ಎಂದೆ. ಬಾಯಿ ಬಿಟ್ಟದ್ದೇ ತಡ, ಲೆಕ್ಕ ಹಾರಿಹೋಯಿತು. ತೊಂಬತ್ತಾಗಿತ್ತೋ, ನೂರೋ? ಕೈ ಮಾತ್ರ ತನ್ನಷ್ಟಕ್ಕೆ ತಿರುಗುತ್ತಲೇ ಇತ್ತು. ತೊಂಬತ್ತು ಎಂದುಕೊಂಡು ಮುಂದುವರಿಸಿ, ನೂರ ಐವತ್ತಕ್ಕೆ ನಿಲ್ಲಿಸಿದೆ.

ಮಾವ ಹೂ ಮುಡಿದುಕೊಂಡು ಬಳುಕುತ್ತ ಬಂದು, "ಲೆಕ್ಕ ಸರೀನಾ?" ಎಂದರು. ಅವರ ಮುಖದಲ್ಲಿ ಅಷ್ಟು ಬೆಳಕಿತ್ತು. ಉಳಿದಿದ್ದ ಫಿಲ್ಮು ಅದೊಂದು ಸಲಕ್ಕೆ ಮಾತ್ರ ಸಾಲುತ್ತಿತ್ತು.

"ಸರಿ ಮಾವ" ಎಂದೆ.

ಫಿಲ್ಮು ತೊಳೆದದ್ದು ನಮ್ಮ ಮನೆಯಲ್ಲೇ, ನೂಲಿಗೆ ಬಣ್ಣ ಹಾಕುವ ಬಾನಿಗಳಲ್ಲಿ. ಬಣ್ಣದ ಕೋಣೆಯ ಕಿಟಕಿ ಮುಚ್ಚಿ, ಟಾರ್ಚಿಗೆ ಕೆಂಪು ರೇಷ್ಮೆ ಸುತ್ತಿ, ಮರದ ಚಕ್ರಕ್ಕೆ ಫಿಲ್ಮು ಸುತ್ತಿ ಔಷಧಿಯಲ್ಲಿ ತಿರುಗಿಸಿದೆವು. ನೀರಿನಿಂದ ಎತ್ತಿದಾಗ ಅಲ್ಲೊಂದು ಪುಟಾಣಿ ಬಸ್ಸು, ಅದರ ಹಿಂದೆ ಅಕ್ಕಿಕಾಳಿನಷ್ಟು ಜನ. ನಾನು ಕೂಗಿಕೊಂಡೆ. ಅಜ್ಜಿ ಏನೋ ಆಯಿತೆಂದು ಬಾಗಿಲು ಬಡಿದಳು.

ಮದರಾಸಿಗೆ ಹೋಗಿ ಕ್ಯಾಮೆರಾ ಕೊಟ್ಟಿದ್ದ ಹಿರಿಯರ ಕೈಯಿಂದಲೇ ಪ್ರಿಂಟು ಹಾಕಿಸಿಕೊಂಡು ಬಂದ ಮೇಲೆ ಮಾವ ತುಂಡುಗಳನ್ನು ಕಿಟಕಿಯ ಬೆಳಕಿಗೆ ಹಿಡಿದು ಒಂದೊಂದಾಗಿ ಜೋಡಿಸಿದರು. ಕೆರೆದು, ಅಂಟು ಹಚ್ಚಿ, ಒತ್ತಿ ಹಿಡಿದು ಕೂಡಿಸುವುದು ನನ್ನ ಕೆಲಸ. ಹರಿದ ಎಳೆ ಕೂಡಿಸಿದ ಬೆರಳಿಗೆ ಇದೇನು ಮಹಾ! ಒಂದು ತುಂಡನ್ನು ಮಾತ್ರ ಅವರು ಬಹಳ ಹೊತ್ತು ನೋಡಿದರು. ನಾನು ಅಂಟಿನ ಸೀಸೆಯನ್ನೇ ನೋಡುತ್ತಿದ್ದೆ. ಆಮೇಲೆ ನನ್ನ ಕೈಗೆ ಕೊಟ್ಟರು. ನಾನು ತಲೆ ಎತ್ತದೆ ಅಂಟಿಸಿದೆ. ಆದರೆ ಆ ದಿನದಿಂದ ಊಟ ಸೇರಲಿಲ್ಲ.

ಊರ ಛತ್ರದಲ್ಲಿ ಒಂದು ಭಾನುವಾರ ಮಧ್ಯಾಹ್ನ ಪ್ರದರ್ಶನ ಇಟ್ಟರು. ಕಿಟಕಿಗಳಿಗೆಲ್ಲ ಕಂಬಳಿ ಬಿಗಿದೆವು. ಟೆಂಟ್ ಸಿನಿಮಾದವರು ತಮ್ಮ ಯಂತ್ರ ತಂದುಕೊಟ್ಟರು. ಪರದೆ ನಮ್ಮ ಮಗ್ಗದಲ್ಲೇ ನೇಯ್ದದ್ದು. ಬೀದಿಬೀದಿಯೇ ಬಂದು ಕೂತಿತು. ಪರದೆಯ ಹಿಂದೆ ನಾವು ನಾಲ್ವರು. ಮದುಮಗನ ಮಾತು, ಬೀಗರ ಮಾತು, ನಾಯಿ, ಹುಂಜ ಎಲ್ಲ ಮಾವನದು. ಹೆಣ್ಣಿನ ದನಿ ನನ್ನದು. ಬಸ್ಸಿನ ಸದ್ದಿಗೆ ಅಜ್ಜಿ ಮೊರದಲ್ಲಿ ಜಲ್ಲಿಕಲ್ಲು ಹಾಕಿಕೊಂಡು ಕೂತಿದ್ದಳು. ಹಾರ್ನು ಸಾಹೇಬರದು, ಬಸ್ಸಿನಿಂದಲೇ ಬಿಚ್ಚಿ ತಂದಿದ್ದರು.

ದೀಪ ಆರಿತು. ಪರದೆಯ ಮೇಲೆ ಬಸ್ಸು ಬಂತು. ಛತ್ರವೆಲ್ಲ ಹೋ ಎಂದಿತು. ನಾವು ಮೂಕಿಯ ವೇಗದಲ್ಲಿ ತೆಗೆದದ್ದು ಟಾಕಿ ಯಂತ್ರದಲ್ಲಿ ಒಂದೂವರೆ ಪಟ್ಟು ಜೋರಾಗಿ ಓಡುತ್ತದೆಂದು ಮಾವನಿಗೆ ಗೊತ್ತಿತ್ತು, ಸಾಹೇಬರಿಗೆ ಗೊತ್ತಿರಲಿಲ್ಲ. ಪರದೆಯ ಹಿಂದಿನಿಂದ ಎಡ ಬಲವಾಗಿ ಕಾಣುತ್ತಿದ್ದ ತಮ್ಮ ಬಸ್ಸು ಗಾಳಿಯ ಹಾಗೆ ಹೋದದ್ದನ್ನು ನೋಡಿ ಅವರು ಹಾರ್ನು ಕೈಯಲ್ಲಿ ಹಿಡಿದುಕೊಂಡೇ ಎದ್ದು ನಿಂತರು.

"ಅರೆ! ನನ್ನ ಗಾಡಿ ಇಷ್ಟು ಜೋರು ಓಡಿದ್ದು ನಾನೇ ನೋಡಿಲ್ಲ! ಮುಂದಿಂದ ನೋಡಿ ಬರ್ತೀನಿ ತಡಿಯಪ್ಪಾ!" ಎಂದು ಹೊರಟೇಹೋದರು. ಅಲ್ಲಿಂದಾಚೆಗೆ ಹಾರ್ನು ಜನರ ಮಧ್ಯದಿಂದ ಕೇಳಿಸತೊಡಗಿತು. ಪ್ರತಿ ಸಲವೂ ಪಕ್ಕದವರು ಬೆಚ್ಚಿಬೀಳುವರು, ಆಮೇಲೆ ನಗುವರು. ಅಜ್ಜಿ ಮೊರ ಅಲ್ಲಾಡಿಸುತ್ತ ಅಲ್ಲಾಡಿಸುತ್ತ ನಕ್ಕು ಕಲ್ಲನ್ನೆಲ್ಲ ಚೆಲ್ಲಿಕೊಂಡಳು.

ಆ ದೃಶ್ಯ ಹತ್ತಿರ ಬಂತು. "ಮಾವ, ಒಂದು ವಿಷಯ ಹೇಳ್ಬೇಕು..." ಎಂದು ಶುರುಮಾಡಿದೆ. ಅವರು ಮಾತಾಡಬೇಡ ಎಂದು ಸನ್ನೆ ಮಾಡಿ, ಜೇಬಿನಿಂದ ಒಂದು ಚೀಟಿ ತೆಗೆದು ಟಾರ್ಚು ಬಿಟ್ಟರು.

"ಹಳೇ ಮಾತು ಮರೆತುಬಿಡು. ಇದನ್ನ ಓದು. ಮೊದಲು ನೀನು, ಆಮೇಲೆ ನಾನು."

ಪರದೆಯ ಮೇಲೆ ಗಂಡು ಇನ್ನೂ ಪೇಟ ಸರಿಮಾಡಿಕೊಳ್ಳುತ್ತಿದ್ದ. ಹೆಣ್ಣು ಆಗಲೇ ತಲೆ ಕೊಂಕಿಸಿ ಮುಖ ತಿರುಗಿಸಿದಳು. ನಾನು ಓದಿದೆ: "ಅದೆಲ್ಲ ನಮ್ಮಪ್ಪನ್ನೇ ಕೇಳ್ಕೊಳ್ಳಿ!"

ಗಂಡು ಈಗ ಬಾಯಿ ತೆರೆದ. ಮಾವ ಹೇಳಿದರು: "ನಾನು ನಿನಗೆ ಒಪ್ಪಿಗೇನಾ?"

ಹೆಣ್ಣು ಕಿವಿಯೋಲೆ ಮುಟ್ಟಿಕೊಂಡಳು. "ಇದಾ? ನಮ್ಮಜ್ಜೀದು, ತಿರುಗಿ ಕೊಡ್ಬೇಕು."

"ಆಹಾ, ಓಲೆ ಎಷ್ಟು ಚೆನ್ನಾಗಿದೆ!" ಎಂದ ಗಂಡು.

"ತಳ್ಳಲ್ಲ, ತಳ್ಳಲ್ಲ, ಏನು ಮಾಡಿದ್ರೂ ತಳ್ಳಲ್ಲ!" ಹೆಣ್ಣು ಕಾಲು ಅಪ್ಪಳಿಸಿದಳು.

"ಹಂಗೇ ಒಂದು ಸಣ್ಣ ಸಹಾಯ ಬೇಕಿತ್ತು..."

ಛತ್ರ ಬಿದ್ದುಹೋಗುವ ಹಾಗೆ ನಕ್ಕರು. ಮುಂದಿನ ಸಾಲಿನಲ್ಲಿ ಯಾರೋ ಹೆಂಗಸು, "ನಮ್ಮನೇಲೂ ಹಂಗೇ ಕಣಮ್ಮೀ, ಅವರು ಬಾಯಿ ಬಿಡೋಕೆ ಮುಂಚೇನೆ ನಂಗೆ ಗೊತ್ತಾಗ್ಬಿಡ್ತದೆ!" ಎಂದು ಜೋರಾಗಿ ಹೇಳಿದಳು. ನನಗೆ ಅಳುವೂ ನಗುವೂ ಒಟ್ಟಿಗೆ ಬಂದು, ಕೊನೆಯ ಮಾತನ್ನು ಬಿಕ್ಕಳಿಸುತ್ತ ಓದಿದೆ. ಹೆಣ್ಣು ನಾಚಿ ಬಿಕ್ಕುತ್ತಿದ್ದಾಳೆ ಎಂದುಕೊಂಡು ಅದಕ್ಕೂ ಚಪ್ಪಾಳೆ ಹೊಡೆದರು.

"ಎಷ್ಟು ಸುತ್ತು ಹೆಚ್ಚಾಯ್ತು?" ಎಂದು ಮಾವ ಪಿಸುಗುಟ್ಟಿದರು.

"ಹತ್ತು ಇರಬೇಕು ಮಾವ. ಸಾಹೇಬ್ರು ಮಾತಾಡಿಸ್ಬಿಟ್ರು."

"ನಂಗೊತ್ತು. ಕಿಟಕೀಲೇ ನೋಡ್ದೆ. ಒಂದು ವಾರ ಕೂತು ಬರೆದೆ ಕಣೇ, ಏಳು ವರ್ಷದಲ್ಲಿ ಇಷ್ಟು ಚೆನ್ನಾಗಿ ಏನೂ ಬರೆದಿಲ್ಲ. ಹೇಳಿಬಿಟ್ಟಿದ್ರೆ ನೀನು ಕ್ಯಾಮೆರಾ ಮುಟ್ತಾನೇ ಇರ್ಲಿಲ್ಲ." ಅಷ್ಟು ಹೇಳಿ, ಬೊಗಳಬೇಕಾದ ಜಾಗ ಬಂತೆಂದು ಪರದೆಯ ಕಡೆ ತಿರುಗಿ ಬೊಗಳಿದರು.

ಆಮೇಲೆ ಆ ಎರಡು ರೀಲು ಹೊತ್ತುಕೊಂಡು ಸೂಲಿಬೆಲೆ, ಹೊಸಕೋಟೆ, ದೇವನಹಳ್ಳಿ ಎಲ್ಲ ಸುತ್ತಿದೆವು. ಟೆಂಟಿನವರು ತಮ್ಮ ದೊಡ್ಡ ಚಿತ್ರಕ್ಕೆ ಮುಂಚೆ ನಮ್ಮದನ್ನು ಹಾಕುವರು. ಜನ ದೊಡ್ಡದು ಶುರುವಾದ ಮೇಲೂ "ಬಸ್ಸು! ಬಸ್ಸು!" ಎಂದು ಕೂಗುವರು. ಹಳೇ ಫಿಲ್ಮು, ಆಗಾಗ ಹರಿಯುತ್ತಿತ್ತು. ಹರಿದಾಗಲೆಲ್ಲ ನಾನು ಒಂದಿಷ್ಟು ಕತ್ತರಿಸಿ ಕೂಡಿಸುವೆ. ಹಾಗಾಗಿ ಊರಿಂದ ಊರಿಗೆ ಚಿತ್ರ ಗಿಡ್ಡವಾಗುತ್ತ ಹೋಯಿತು. ಕೊನೆಯಲ್ಲಿ ದಿಬ್ಬಣ ಹೊರಟ ಹತ್ತು ನಿಮಿಷಕ್ಕೆಲ್ಲ ಹುಡುಗಿಯ ಊರು ಮುಟ್ಟಿಬಿಡುವುದು. "ದಿನಾ ಓಡಿ ಓಡಿ ಗಾಡಿ ಪಳಗಿದೆ" ಎಂದು ಸಾಹೇಬರು ಎಲ್ಲರಿಗೂ ಹೇಳುತ್ತಿದ್ದರು.

ಸ್ವಾತಂತ್ರ್ಯ ಬಂದ ಮರುವರ್ಷ ಮದರಾಸಿನಿಂದ ಮತ್ತೆ ಕರೆ ಬಂತು. ಈ ಸಲ ನಾನೂ ಹೋದೆ. ಮಾವ ಅಲ್ಲಿ ಒಂದು ಕಂಪನಿಯಲ್ಲಿ ಕೇಶಾಲಂಕಾರದ ಕೆಲಸಕ್ಕೆ ಸೇರಿದರು. ಸೇರಿದ ವಾರದಲ್ಲೇ ಎಂದಿನಂತೆ ಎಲ್ಲ ಕೆಲಸಕ್ಕೂ ಕೈ ಹಾಕಿದರು. ನಿರ್ದೇಶಕರಿಗೆ ಜ್ವರ ಬಂದ ನಾಲ್ಕು ದಿನ ಅವರೇ ನಿರ್ದೇಶಕರು. ನಾನು ಎಡಿಟಿಂಗ್ ಕೋಣೆಯಲ್ಲಿ ತುಂಡು ಅಂಟಿಸುವ ಕೆಲಸಕ್ಕೆ ಸೇರಿಕೊಂಡೆ. ಮತ್ತೆ ಅವರದೇ ಸ್ವಂತ ಚಿತ್ರ ಅಂತ ಆಗಲೇ ಇಲ್ಲ. ಆಗಬೇಕಿತ್ತು ಎಂದು ನನಗೆ ಕೆಲವು ಸಲ ಅನ್ನಿಸಿದ್ದುಂಟು. ಅವರಿಗೆ ಅನ್ನಿಸಿದ ಹಾಗೆ ಕಾಣಲಿಲ್ಲ. ಬೆಳಿಗ್ಗೆ ಎದ್ದರೆ ಇವತ್ತು ನಾನು ಏನಾಗುತ್ತೇನೋ ಎಂದು ಕುಣಿಯುತ್ತ ಹೊರಡುವರು.

ಆ ಕಂಪನಿಯ ಮೊದಲ ಚಿತ್ರ ಬಿಡುಗಡೆಯಾದ ದಿನ ಇಬ್ಬರೂ ಬೆಂಚಿನ ಟಿಕೇಟು ತೆಗೆದುಕೊಂಡು ಕೂತೆವು. ಹೆಸರುಗಳು ಬಂದವು. ಕೇಶಾಲಂಕಾರ ಎಂಬುದರ ಕೆಳಗೆ, ಕಡಲೆಯಷ್ಟು ಅಕ್ಷರದಲ್ಲಿ, ಮಾವನ ಹೆಸರು. ಅವರು ಬೆಂಚಿನ ಮೇಲೆ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಹಿಂದಿನವರು ತಮಿಳಿನಲ್ಲಿ ಕೂರಯ್ಯಾ ಎಂದು ಗದರಿದರು. ನಾನು ಪಕ್ಕದಲ್ಲಿದ್ದ ಹೆಂಗಸಿನ ಕೈ ಹಿಡಿದುಕೊಂಡು, "ಬರೀ ಕೂದಲಲ್ಲ ಅಮ್ಮಾ, ಮುಂದೆ ಬರೋ ಬಾಗಿಲು ಮಾಡಿದ್ದೂ ಇವರೇ, ನಾಯಿ ಬೊಗಳೋದೂ ಇವರೇ, ಮುದುಕೀನೂ ಇವರೇ" ಎಂದು ಕನ್ನಡದಲ್ಲೇ ಒಂದೇ ಉಸಿರಿಗೆ ಹೇಳಿದೆ. ಅವಳಿಗೆ ಒಂದು ಅಕ್ಷರವೂ ಅರ್ಥವಾಗಲಿಲ್ಲ. ನನ್ನ ಮುಖ ನೋಡಿ ನಕ್ಕು, ತನ್ನ ಮಡಿಲಲ್ಲಿದ್ದ ಚಕ್ಕುಲಿಯಲ್ಲಿ ಅರ್ಧ ಮುರಿದು ನನ್ನ ಕೈಗಿಟ್ಟಳು.